ಎಲೆಕೊಪ್ಪಲು ನಾಡಕಚೇರಿ ಸುಡಲು ಅನುಮತಿ

ಮಂಡ್ಯದ ಗುತ್ತಲಿನ ಗೌತಮಿಯವರು ಜರ್ಮನ್ ಭಾಷೆಯ ಚಲನಚಿತ್ರಗಳಿಗೆ ಕಲಾ ನಿರ್ದೇಶಕಿ. ಮ್ಯೂನಿಕ್‌ನಲ್ಲಿ ಒಂದು ಸೆರೆಮನೆ, ವಿಯೆನ್ನಾದಲ್ಲಿ ಒಂದು ಹುಚ್ಚಾಸ್ಪತ್ರೆ, ಜ್ಯೂರಿಕ್‌ನಲ್ಲಿ ದಿವಾಳಿಯೆದ್ದ ಒಂದು ಬ್ಯಾಂಕು ಕಟ್ಟಿಸಿ, ಚಿತ್ರೀಕರಣ ಮುಗಿದ ಮೇಲೆ ಕೆಡವಿಸಿದ್ದಾರೆ. ಅಲ್ಲಿ ಯಾರೂ ಬಂದು ಸೇರಿಕೊಂಡಿರಲಿಲ್ಲ.

ಕಳೆದ ವರ್ಷ ಅವರು ಮದ್ದೂರಿಗೂ ಮಳವಳ್ಳಿಗೂ ನಡುವಿನ ಎಲೆಕೊಪ್ಪಲಿನಲ್ಲಿ ಪ್ಲೈವುಡ್ಡಿನ ನಾಡಕಚೇರಿಯೊಂದನ್ನು ಕಟ್ಟಿಸಿದರು. ಚಿತ್ರದ ಕೊನೆಯ ದೃಶ್ಯದಲ್ಲಿ ಅದು ಉರಿಯಬೇಕು. ಉರಿಯದಿದ್ದರೆ ಮುಂದಿನ ಚಿತ್ರಕ್ಕೆ ಬೇರೆಯವರನ್ನು ನೋಡಿಕೊಳ್ಳುವುದಾಗಿ ನಿರ್ಮಾಪಕರು ಬರ್ಲಿನ್‌ನಿಂದ ತಿಳಿಸಿದ್ದರು.

ಗೌತಮಿ ಕೆಲಸದಲ್ಲಿ ಕಟ್ಟುನಿಟ್ಟು. ಗೋಡೆಯ ಮೂಲೆಗೆ ಎಲೆಅಡಿಕೆ ಉಗುಳಿನ ಬಣ್ಣ ಹೊಡೆಸಿದರು. ಕುರ್ಚಿಯ ಒಂದು ಕಾಲನ್ನು ಗಿಡ್ಡ ಮಾಡಿಸಿದರು. ಕಿಟಕಿಗೆ ‘ಸರ್ವರ್ ಇಲ್ಲ’ ಎಂಬ ಬೋರ್ಡು ತೂಗುಹಾಕಿಸಿದರು. ಮರುದಿನ ಬೆಳಿಗ್ಗೆ ಆ ಕಿಟಕಿಯ ಮುಂದೆ ಜನ ಸಾಲುಗಟ್ಟಿದ್ದರು.

ಎಲ್ಲರಿಗಿಂತ ಮುಂದಿದ್ದವರು ಪಹಣಿ ತಿದ್ದಿಸಲು ಅಲೆಯುತ್ತಿದ್ದ ಮೀನಾಕ್ಷಮ್ಮ.

“ಇದು ನಿಜವಾದ ಆಫೀಸಲ್ಲಮ್ಮ, ಸಿನಿಮಾ ಸೆಟ್ಟು. ಒಳಗೆ ಯಾರೂ ಇಲ್ಲ” ಎಂದರು ಗೌತಮಿ.

“ಅಲ್ಲೂ ಯಾರೂ ಇರಾಕಿಲ್ಲ ಕಣವ್ವ. ಇಲ್ಲಿ ನೆಳ್ಳಾದ್ರೂ ಅದೆ.”

ಜನ ಎಲ್ಲಿ ಕಾಯುತ್ತಾರೋ ಅದೇ ಕಚೇರಿ ಎಂಬ ನಿಯಮದಡಿ ಉಪ ತಹಶೀಲ್ದಾರ್ ಶ್ರೀಕರ ಅವರು ಸಿಬ್ಬಂದಿ ಸಮೇತ ಅಲ್ಲಿಗೆ ಬಂದರು. ಗಿಡ್ಡ ಕಾಲಿನ ಕುರ್ಚಿಯನ್ನು ಅಭ್ಯಾಸಬಲದಿಂದ ಆರಿಸಿಕೊಂಡು ಕುಳಿತರು.

“ನೀವು ಯಾರು ಮೇಡಂ?”

“ಕಲಾ ನಿರ್ದೇಶಕಿ.”

ಶ್ರೀಕರ ಎದ್ದು ನಿಂತರು. ಅವರ ಸೇವಾವಧಿಯಲ್ಲಿ ನಿರ್ದೇಶಕರ ದರ್ಜೆಯವರು ಎಲೆಕೊಪ್ಪಲಿಗೆ ಬಂದದ್ದಿಲ್ಲ. “ಕಲಾ ಅಂದರೆ ಹೊಸ ಇಲಾಖೆ ಇರಬೇಕು. ನಮಗಿನ್ನೂ ಸುತ್ತೋಲೆ ಬಂದಿಲ್ಲ. ಕಟ್ಟಡ ಚೆನ್ನಾಗಿ ಬಂದಿದೆ ಮೇಡಂ, ವಹಿಸಿಕೊಂಡಿದ್ದೇನೆ.”

“ನಾಡಿದ್ದು ಇದನ್ನು ಸುಡಬೇಕು.”

“ಸರ್ಕಾರಿ ಕಟ್ಟಡ ಸುಡೋಕೆ ಬರಲ್ಲ. ಸೆಟ್ಟಾದರೆ ಹೇಳಿ, ಈಗಲೇ ಅನುಮತಿ ಕೊಡ್ತೀನಿ.”

“ಇದೇ ಸೆಟ್ಟು.”

“ಇದರಲ್ಲಿ ನಾನು ಕೂತಿದ್ದೀನಲ್ಲ ಮೇಡಂ.”

ಗೌತಮಿಯವರ ಮುಖ ನೋಡಿ ಶ್ರೀಕರ ಅವರಿಗೆ ಕನಿಕರ ಬಂತು. ನಿರ್ದೇಶಕರ ದರ್ಜೆಯವರನ್ನು ಬರಿಗೈಲಿ ಕಳಿಸುವಂತೆಯೂ ಇರಲಿಲ್ಲ. “ಒಳಗೆ ಯಾರೂ ಇಲ್ಲದಿದ್ದರೆ ಅದು ಸೆಟ್ಟು ಅಂತ ಮೀನಾಕ್ಷಮ್ಮನಿಗೆ ನೀವೇ ಹೇಳಿದಿರಂತೆ. ಹಳೇ ಕಚೇರಿ ಒಳಗೆ ಈಗ ಯಾರೂ ಇಲ್ಲ.”

ಅಂದೇ ಪ್ರಕಟಣೆ ಹೊರಬಿತ್ತು: ‘ಎಲೆಕೊಪ್ಪಲಿನ ಹಳೆಯ ನಾಡಕಚೇರಿಯನ್ನು ಅದರ ನಿರ್ಮಾಣದ ದಿನದಿಂದ ಅನ್ವಯವಾಗುವಂತೆ ಸೆಟ್ ಎಂದು ಘೋಷಿಸಲಾಗಿದೆ. ಅಲ್ಲಿ ಈವರೆಗೆ ನಡೆದ ಕೆಲಸಗಳನ್ನು ಅಭಿನಯವೆಂದು ಪರಿಗಣಿಸತಕ್ಕದ್ದು. ಆಕ್ಷೇಪಣೆಗಳಿದ್ದಲ್ಲಿ ಸರ್ವರ್ ಬಂದ ಮೇಲೆ ಸಲ್ಲಿಸಬಹುದು.’

ಹಳೆಯ ಕಚೇರಿಯ ಕಲ್ಲಿನ ಕಟ್ಟಡ ನಿಧಾನವಾಗಿ ಉರಿಯಿತು. ನಿರ್ಮಾಪಕರಿಗೆ ತೃಪ್ತಿಯಾಗಿ ಮುಂದಿನ ಚಿತ್ರವೂ ಗೌತಮಿಗೇ ಸಿಕ್ಕಿತು. ಜರ್ಮನ್ ವಿಮರ್ಶಕರೊಬ್ಬರು ಮಾತ್ರ, ಕಚೇರಿ ಕಣ್ಣಿಗೆ ಕಟ್ಟುವಂತಿದೆ, ಕೊನೆಯಲ್ಲಿ ಉರಿಯುವ ಕಟ್ಟಡ ನಕಲಿಯೆಂದು ತಕ್ಷಣ ಗೊತ್ತಾಗುತ್ತದೆ ಎಂದು ಬರೆದರು.

ಪಕ್ಕದ ಎರಡು ಹೋಬಳಿಯವರು ತಮಗೂ ಒಂದೊಂದು ಜರ್ಮನ್ ಚಿತ್ರ ಮಂಜೂರು ಮಾಡಬೇಕೆಂದು ಅರ್ಜಿ ಕೊಟ್ಟಿದ್ದಾರೆ. ಒಬ್ಬರ ಕಚೇರಿ ಸೋರುತ್ತದೆ. ಇನ್ನೊಬ್ಬರಿಗೆ ಕಚೇರಿಯೇ ಇಲ್ಲವಾದ್ದರಿಂದ, ಮೊದಲು ಸುಡುವುದಕ್ಕೊಂದು ಕಟ್ಟಿಸಿಕೊಡಲು ಇಲಾಖೆ ಒಪ್ಪಿದೆ.