ಗಂಟಲಲ್ಲಿ ಗುಂಡು

ಹುಟ್ಟಿದ ಊರಿನಲ್ಲಿ ದಾರಿ ತಪ್ಪುವುದು ಕಷ್ಟ. ಬೇಕೆಂದೇ ದಾರಿ ತಪ್ಪುವುದು ಇನ್ನೂ ಕಷ್ಟ. ಅದರಲ್ಲೂ ಹಿಂದಿನಿಂದ ಇಬ್ಬರು ಸಹೋದ್ಯೋಗಿಗಳು ನಂಬಿಕೆಯಿಂದ ನಡೆದು ಬರುತ್ತಿರುವಾಗ, ಮುಖದಲ್ಲಿ ಊರಿನ ಹಿರಿಯನ ಗಾಂಭೀರ್ಯ ಇಟ್ಟುಕೊಂಡು, ಎಡಕ್ಕೆ ತಿರುಗಬೇಕಾದಲ್ಲಿ ಬಲಕ್ಕೆ ತಿರುಗುವುದು ಎಲ್ಲರಿಂದ ಆಗುವ ಕೆಲಸವಲ್ಲ. ನಾನು ಅದನ್ನು ಒಂದು ಭಾನುವಾರ ಬೆಳಗ್ಗೆ ಎರಡು ಗಂಟೆಗಳ ಕಾಲ ಮಾಡಿದ್ದೇನೆ. ಹೆಮ್ಮೆಯಿಂದ ಹೇಳುತ್ತಿಲ್ಲ, ಆದರೆ ಹೇಳದಿದ್ದರೆ ಬೇರೆಯವರು ಹೇಳುತ್ತಾರೆ, ಈಗಾಗಲೇ ಹೇಳುತ್ತಿದ್ದಾರೆ.

ನಾನು ಬಂಟ್ವಾಳದ ಕಡೆಯ ಒಂದು ಹೈಸ್ಕೂಲಿನಲ್ಲಿ ಕನ್ನಡ ಮೇಷ್ಟ್ರು. ನಮ್ಮ ಶಾಲೆಗೆ ಹೋದ ವರ್ಷ ದೀಪಕ್ ಎಂಬ ಹೊಸ ಪಿ.ಟಿ. ಮೇಷ್ಟ್ರು ಬಂದರು. ಅಲ್ಲಿಯವರೆಗೆ ನಮ್ಮ ಶಿಕ್ಷಕರ ಪ್ರವಾಸವೆಂದರೆ ಒಂದು ದೇವಸ್ಥಾನ, ಒಂದು ಊಟ, ವಾಪಸು ಬರುವಾಗ ಒಂದು ನಿದ್ದೆ. ದೀಪಕ್ ಅದನ್ನು ಒಪ್ಪಲಿಲ್ಲ. "ಈ ಸಲ ಮೂಡುಬಿದಿರೆಗೆ ಹೋಗುವ. ಆದ್ರೆ ಸುಮ್ಮನೆ ನೋಡಿ ಬರುವುದಲ್ಲ, ಟ್ರೆಷರ್ ಹಂಟ್. ಮೂರು ಮೂರು ಜನರ ತಂಡ. ಚೀಟಿಯಲ್ಲಿ ಒಂದು ಒಗಟು ಇರ್ತದೆ, ಅದನ್ನು ಬಿಡಿಸಿ ಆ ಜಾಗಕ್ಕೆ ಹೋದ್ರೆ ಅಲ್ಲಿ ಮುಂದಿನ ಚೀಟಿ. ಎಲ್ಲ ಒಗಟೂ ನೀರಿನ ಮೇಲೆಯೇ," ಎಂದರು. ಅರುವತ್ತರ ಹತ್ತಿರ ಬಂದ ನಾವು ನಾಲ್ಕೈದು ಮಂದಿ ಮುಖ ಮುಖ ನೋಡಿಕೊಂಡೆವು. ಆಗ ಹೆಡ್‌ಮಿಸ್ ಬಹುಮಾನ ಘೋಷಿಸಿದರು: ಗೆದ್ದ ತಂಡಕ್ಕೆ ಒಂದು ತಿಂಗಳು ಬಿಸಿಯೂಟದ ಡ್ಯೂಟಿ ಇಲ್ಲ. ನಾನೂರು ತಟ್ಟೆಗಳ ಸದ್ದಿನ ನಡುವೆ ಸಾಂಬಾರಿನ ಸಾಲು ನೇರ ಮಾಡಿ ಮಾಡಿ ಗಂಟಲು ಬಿದ್ದವರಿಗೆ ಮಾತ್ರ ಈ ಬಹುಮಾನದ ತೂಕ ತಿಳಿಯುತ್ತದೆ. ಎಲ್ಲರೂ ಒಪ್ಪಿದೆವು.

ನನ್ನ ತಂಡದಲ್ಲಿ ಗಣಿತದ ಶಾಂತಾ ಟೀಚರ್ ಮತ್ತು ವಿಜ್ಞಾನದ ಲ್ಯಾನ್ಸಿ ಸರ್. ಶಾಂತಾ ಟೀಚರ್ ಕೊಕ್ಕಡದವರು, ಮಾತು ಕಡಿಮೆ, ಮೂಡುಬಿದಿರೆಯನ್ನು ಬಸ್ಸಿನ ಕಿಟಕಿಯಿಂದ ಬಿಟ್ಟರೆ ಕಂಡವರಲ್ಲ. ಲ್ಯಾನ್ಸಿ ಸರ್ ಮಾತು ಜಾಸ್ತಿ, ನಡಿಗೆ ಕಡಿಮೆ. ನಾನು ಹುಟ್ಟಿ ಬೆಳೆದದ್ದೇ ಮೂಡುಬಿದಿರೆಯಲ್ಲಿ. ಸ್ಟಾಫ್ ರೂಮಿನಲ್ಲಿ ಇಪ್ಪತ್ತೈದು ವರ್ಷಗಳಿಂದ ನಮ್ಮೂರಿನ ಹದಿನೆಂಟು ಕೆರೆ, ಹದಿನೆಂಟು ಬಸದಿಗಳನ್ನು ವರ್ಣಿಸಿ ಇವರ ಚಹಾ ತಣ್ಣಗೆ ಮಾಡಿದವನು. "ವಾಸುದೇವ ಸರ್ ಇದ್ದಾರಲ್ಲ, ನಾವು ಗೆದ್ದ ಹಾಗೆಯೇ," ಎಂದರು ಲ್ಯಾನ್ಸಿ. ನಾನು ವಿನಯದಿಂದ ನಕ್ಕೆ. ನಿಜವಾಗಿ ನನಗೂ ಹಾಗೆಯೇ ಅನಿಸಿತ್ತು.

ಮೊದಲ ಚೀಟಿ ಒಂದು ಕೆರೆಯದ್ದು. ಹತ್ತು ನಿಮಿಷದಲ್ಲಿ ಮುಟ್ಟಿದೆವು. ಎರಡನೆಯದು ಬಸದಿಯ ಹತ್ತಿರದ ಒಂದು ಹಳೆಯ ಕಲ್ಲುಮರಿಗೆಯದ್ದು. ನಾನು ಸಣ್ಣವನಿರುವಾಗ ಅದರಲ್ಲಿ ದನಗಳು ನೀರು ಕುಡಿಯುತ್ತಿದ್ದವು. ಈಗ ಯಾರೋ ದಾಸವಾಳ ನೆಟ್ಟಿದ್ದಾರೆ. ಅಲ್ಲಿ ಚೀಟಿ ಹಿಡಿದು ಕಾಯುತ್ತಿದ್ದ ನಮ್ಮ ಶಾಲೆಯ ಗುಮಾಸ್ತರು, "ನೀವೇ ಫಸ್ಟ್" ಎಂದು ಮೂರನೆಯ ಚೀಟಿ ಕೊಟ್ಟರು. ನಾನು ಅದನ್ನು ಪದ್ಯ ಓದುವ ಧಾಟಿಯಲ್ಲಿ ಗಟ್ಟಿಯಾಗಿ ಓದಿದೆ.

"ಹೊಟ್ಟೆ ತುಂಬ ನೀರು, ಗಂಟಲಲ್ಲಿ ಗುಂಡು, ಒತ್ತಿದರೆ ಕಿರುಚುವೆ, ಕುಡಿದರೆ ತಂಪು."

ಓದಿ ಮುಗಿಸುವ ಮೊದಲೇ ಉತ್ತರ ಹೊಳೆಯಿತು. ಗೋಲಿ ಸೋಡಾ. ಆ ಪೇಟೆಯಲ್ಲಿ ಈಗಲೂ ಗೋಲಿ ಸೋಡಾ ತುಂಬಿಸುವವನು ಒಬ್ಬನೇ, ಅವನು ನನ್ನ ದೊಡ್ಡಮ್ಮನ ಮಗ ಸದಾನಂದ. ನನಗಿಂತ ಆರು ತಿಂಗಳು ದೊಡ್ಡವನು. ಒಂದೇ ಚಾಪೆಯಲ್ಲಿ ಮಲಗಿ ಬೆಳೆದವರು ನಾವು. ಆದರೆ ಐದು ವರ್ಷಗಳಿಂದ ಮಾತಿಲ್ಲ.

ಆದದ್ದು ಇಷ್ಟೇ. ನನ್ನ ಮಗಳ ಮದುವೆಗೆ ಕರೆಯಲು ಅವನ ಮನೆಗೆ ಹೋಗಿದ್ದೆ. ಬಾಗಿಲಿಗೆ ಬೀಗ. ಆ ದಿನ ಇನ್ನೂ ಇಪ್ಪತ್ತು ಮನೆ ಬಾಕಿ ಇತ್ತು. ಮದುವೆಯ ಕಾಗದವನ್ನು ಬಾಗಿಲ ಸಂದಿಗೆ ಸಿಕ್ಕಿಸಿ ಬಂದೆ. ಇನ್ನೊಮ್ಮೆ ಬರುತ್ತೇನೆಂದುಕೊಂಡವನು ಬರಲಿಲ್ಲ. ಮದುವೆಗೆ ಅವನು ಬರಲಿಲ್ಲ. "ವಾಸು ಕರೆದದ್ದು ನನ್ನನ್ನಲ್ಲ, ನನ್ನ ಮನೆಯ ಬಾಗಿಲನ್ನು. ಬೇಕಾದ್ರೆ ಬಾಗಿಲು ಹೋಗಿ ಊಟ ಮಾಡಿ ಬರ್ಲಿ," ಎಂದನಂತೆ. ಆ ಮಾತು ಮೂರು ಬಾಯಿ ದಾಟಿ ನನಗೆ ತಲುಪಿತು. ಮಾತು ಚೆನ್ನಾಗಿತ್ತು ಎಂಬುದೇ ನನಗೆ ಹೆಚ್ಚು ಉರಿಯಿತು. ಅಂದಿನಿಂದ ಮೂಡುಬಿದಿರೆಗೆ ಹೋದಾಗಲೆಲ್ಲ ಅವನ ಓಣಿಯನ್ನು ಬಿಟ್ಟು ಅರ್ಧ ಪೇಟೆ ಸುತ್ತಿ ಹೋಗುತ್ತೇನೆ. ನನ್ನ ಹೆಂಡತಿ ಇದಕ್ಕೆ ಪ್ರದಕ್ಷಿಣೆ ಎಂದು ಹೆಸರಿಟ್ಟಿದ್ದಾಳೆ.

"ಎಂತ ಸರ್, ಗೊತ್ತಾಯ್ತಾ?" ಎಂದರು ಲ್ಯಾನ್ಸಿ.

"ಬಾವಿ," ಎಂದೆ.

"ಗಂಟಲಲ್ಲಿ ಗುಂಡು?"

"ಗುಂಡು ಎಂದರೆ ಬಂಡೆ. ಬಾವಿಯ ಬಾಯಿಯ ಸ್ವಲ್ಪ ಕೆಳಗೆ ಬಂಡೆ ಚಾಚಿಕೊಂಡಿರಬೇಕು."

"ಒತ್ತಿದರೆ ಕಿರುಚುವೆ ಅಂತ ಉಂಟಲ್ಲ?"

"ರಾಟೆ. ಹಗ್ಗ ಒತ್ತಿ ಎಳೆದಾಗ ಎಣ್ಣೆ ಕಾಣದ ರಾಟೆ ಕಿರುಚುವುದಿಲ್ಲವಾ?"

ಪಾಠ ಮಾಡುವಾಗ ಬಾರದ ವ್ಯಾಖ್ಯಾನಗಳು ಸುಳ್ಳು ಹೇಳುವಾಗ ಎಷ್ಟು ಸಲೀಸಾಗಿ ಬರುತ್ತವೆ ಎಂದು ನನಗೇ ಆಶ್ಚರ್ಯವಾಯಿತು. ಶಾಂತಾ ಟೀಚರ್ ಚೀಟಿಯನ್ನು ಒಮ್ಮೆ ನೋಡಿದರು, ನನ್ನನ್ನು ಒಮ್ಮೆ ನೋಡಿದರು, "ನೀವು ಹೇಳಿದ ಹಾಗೆ ಸರ್," ಎಂದರು.

ಹೀಗೆ ಬಾವಿ ಹುಡುಕಾಟ ಶುರುವಾಯಿತು. ಮೊದಲನೆಯ ಬಾವಿಯಲ್ಲಿ ಬಂಡೆ ಇರಲಿಲ್ಲ. ಎರಡನೆಯದಕ್ಕೆ ಕಬ್ಬಿಣದ ಬಲೆ ಹಾಕಿ ಪಂಪು ಕೂರಿಸಿದ್ದರು. ಮೂರನೆಯದು ಒಂದು ಮನೆಯ ಅಂಗಳದಲ್ಲಿತ್ತು. ನಾವು ಮೂವರು ಕೈಯಲ್ಲಿ ಕಾಗದ ಹಿಡಿದು ಗೇಟು ತೆರೆದದ್ದೇ ತಡ, ಒಬ್ಬ ಹೆಂಗಸು ಹೊರಗೆ ಬಂದು, "ನಾವು ಐದು ಜನ. ಅತ್ತೆಗೆ ಎಪ್ಪತ್ತೆಂಟು, ಮಗ ಮಂಗಳೂರಿನಲ್ಲಿ, ಫ್ರಿಜ್ ಉಂಟು," ಎಂದು ಒಂದೇ ಉಸಿರಿನಲ್ಲಿ ಹೇಳತೊಡಗಿದರು. ಮೇಷ್ಟ್ರುಗಳೆಂದರೆ ಗಣತಿಗೆ ಬರುವವರು ಎಂದು ನಾಡಿಗೇ ಗೊತ್ತು.

"ಅಲ್ಲ ಅಮ್ಮಾ, ನಾವು ಬಾವಿ ನೋಡಲು ಬಂದದ್ದು," ಎಂದೆ.

"ಈಗ ಬಾವಿಯದ್ದೂ ಗಣತಿ ಉಂಟಾ?" ಎಂದು ಅವರು ಗಾಬರಿಯಾದರು. ಅವರನ್ನು ಸಮಾಧಾನ ಮಾಡಲು ಲ್ಯಾನ್ಸಿ ಸರ್‌ಗೆ ಕಾಲು ಗಂಟೆ ಹಿಡಿಯಿತು. ಅಷ್ಟರಲ್ಲಿ ನಮ್ಮ ಶಾಲೆಯ ಇನ್ನೊಂದು ತಂಡ ಎದುರಿನ ರಸ್ತೆಯಲ್ಲಿ ನಗುತ್ತಾ ಹೋಯಿತು. ಅವರಲ್ಲೊಬ್ಬರು ಸಣ್ಣಗೆ ತೇಗಿದ್ದು ಕೇಳಿಸಿತು. ಸೋಡಾದ ತೇಗು ಎಂದು ನನಗೆ ಅರ್ಥವಾಯಿತು. ಕೇಳಿಸದವನಂತೆ, ಬಿಸಿಲಿಗೆಂದು ಹಿಡಿದಿದ್ದ ಕೊಡೆಯನ್ನು ಇನ್ನಷ್ಟು ತಗ್ಗಿಸಿದೆ.

ಬಿಸಿಲು ಏರಿತು. ಶಾಂತಾ ಟೀಚರ್ ಒಂದು ಕಟ್ಟೆಯ ಮೇಲೆ ಕುಳಿತರು. ಅವರಿಗೆ ಮಂಡಿ ನೋವು ಇದೆಯೆಂದು ನನಗೆ ಗೊತ್ತಿತ್ತು, ಆ ಎರಡು ಗಂಟೆ ಮಾತ್ರ ಗೊತ್ತಿರಲಿಲ್ಲ. "ಸರ್, ಬಾಯಾರಿಕೆ ಆಗ್ತದೆ. ಇಲ್ಲಿ ಎಲ್ಲಾದರೂ ಸೋಡಾ ಸಿಗ್ತದಾ?" ಎಂದು ಮೆಲ್ಲಗೆ ಕೇಳಿದರು.

"ಮೂಡುಬಿದಿರೆಯಲ್ಲಿ ಸೋಡಾ ಸಿಗುವುದಿಲ್ಲ," ಎಂದೆ.

ಇಂಥ ಮಾತನ್ನು ಒಬ್ಬ ಪ್ರೌಢಶಾಲಾ ಶಿಕ್ಷಕ ಆಡಬಾರದು. ದಾರಿಯಲ್ಲಿ ಹೋಗುತ್ತಿದ್ದ ಒಬ್ಬರು ಸ್ಕೂಟರ್ ನಿಲ್ಲಿಸಿಯೇ ಬಿಟ್ಟರು. "ಸೋಡಾ ಇಲ್ವಾ? ಯಾರು ಹೇಳಿದ್ದು ಮಾರಾಯ್ರೆ? ಆ ಓಣಿಯಲ್ಲಿ ಸದಾನಂದಣ್ಣನ ಅಂಗಡಿ ಉಂಟಲ್ಲ, ಗೋಲಿ ಸೋಡಾ! ಬನ್ನಿ, ತೋರಿಸ್ತೇನೆ." ಶಾಂತಾ ಟೀಚರ್ ಎದ್ದರು. ಲ್ಯಾನ್ಸಿ ಸರ್ ನನ್ನ ತೋಳು ಹಿಡಿದರು. ಅದು ಸ್ನೇಹದ ಹಿಡಿತವೋ ಪೊಲೀಸರ ಹಿಡಿತವೋ ಆಗ ತಿಳಿಯಲಿಲ್ಲ.

ಸದಾನಂದ ಗಲ್ಲಾಪೆಟ್ಟಿಗೆಯ ಹಿಂದೆ ಕುಳಿತಿದ್ದ. ಕೂದಲು ಪೂರ್ತಿ ಬೆಳ್ಳಗಾಗಿತ್ತು. ನನ್ನನ್ನು ನೋಡಿದ, ಶಾಂತಾ ಟೀಚರಿಗೆ ಸ್ಟೂಲ್ ಎಳೆದು ಕೊಟ್ಟ, ಆಮೇಲೆ ದೀಪಕ್ ಕೊಟ್ಟುಹೋಗಿದ್ದ ಕಾಗದವನ್ನು ಕೈಗೆತ್ತಿಕೊಂಡ. "ತಂಡದ ಲೀಡರ್ ಯಾರು? ಅವರು ಒಂದು ಸೋಡಾ ತಾವೇ ಒಡೆಯಬೇಕು. ಚೆಲ್ಲಬಾರದು. ಆಮೇಲೆ ಚೀಟಿ," ಎಂದು ಓದಿದ.

ನಾನು ಮುಂದೆ ಬಂದೆ.

"ಹೆಸರು?" ಎಂದ.

"ವಾಸುದೇವ."

"ಊರು?"

"ಇಲ್ಲಿಯೇ."

"ಹೌದಾ? ಐದು ವರ್ಷದಿಂದ ಈ ಕಡೆ ನೋಡಿದ ಹಾಗಿಲ್ಲ."

ಬಾಟಲಿ ಕೊಟ್ಟ. ನಾನು ಹೆಬ್ಬೆರಳಿನಿಂದ ಗೋಲಿಯನ್ನು ಒತ್ತಿದೆ. ಅದು ಜಗ್ಗಲಿಲ್ಲ. ಮತ್ತೆ ಒತ್ತಿದೆ. ಸದಾನಂದ ಸ್ವಲ್ಪ ಹೊತ್ತು ನೋಡಿದ, ತಡೆಯಲಾಗದೆ ಎದ್ದ. "ಬೆರಳಲ್ಲಲ್ಲ ಮಾರಾಯ, ಅಂಗೈಯಲ್ಲಿ ಗುದ್ದು! ಸಣ್ಣ ಇರುವಾಗಲೂ ನಿನಗೆ ಇದು ಬರ್ತಿರಲಿಲ್ಲ," ಎಂದು ನನ್ನ ಕೈಯ ಮೇಲೆ ತನ್ನ ಕೈ ಇಟ್ಟು ಗುದ್ದಿದ. ಸೋಡಾ ಕಿರುಚಿ ಮೇಲೆದ್ದು ಇಬ್ಬರ ಮುಖಕ್ಕೂ ಹಾರಿತು. ಕನ್ನಡಕದ ಮೇಲೆಲ್ಲ ಗುಳ್ಳೆ. ಮೊದಲು ನಕ್ಕದ್ದು ಅವನೋ ನಾನೋ ಗೊತ್ತಿಲ್ಲ.

"ಬಲ, ಕುಲ್ಲು," ಎಂದ, ನಮ್ಮ ತುಳುವಿನಲ್ಲಿ. ಬಂದು ಕುಳಿತೆ.

ಒಂಬತ್ತನೆಯ ತರಗತಿಗೆ ಕ್ಷಮಾಪಣಾ ಪತ್ರ ಬರೆಯಲು ಕಲಿಸುವವನು ನಾನು. ಆ ಸ್ಟೂಲಿನ ಮೇಲೆ ಕುಳಿತಾಗ ಒಕ್ಕಣೆಯ ಒಂದು ಸಾಲೂ ನೆನಪಾಗಲಿಲ್ಲ. "ನಾನು ಅವತ್ತು ಇನ್ನೊಂದು ಸಲ ಬರಬೇಕಿತ್ತು," ಎಂದೆ.

"ನಾನೂ ಮದುವೆಗೆ ಬರಬೇಕಿತ್ತು," ಎಂದ ಅವನು ಬಾಟಲಿ ಒರೆಸುತ್ತ. "ಬಿಳಿ ಅಂಗಿ ಇಸ್ತ್ರಿ ಮಾಡಿ ಇಟ್ಟಿದ್ದೆ. ಊಟದ ಹೊತ್ತಿನ ತನಕ ಹಾಕಿಕೊಂಡೇ ಕೂತಿದ್ದೆ." ಬಾಟಲಿಯನ್ನು ಬದಿಗಿಟ್ಟು ಹೇಳಿದ: "ಆ ಹುಡುಗ ದೀಪಕ್ ಬಂದು ಅಂಗಡಿಯಲ್ಲಿ ಆಟ ಇಡ್ಲಿಕ್ಕೆ ಕೇಳಿದಾಗ ಮೊದಲು ಆಗುವುದಿಲ್ಲ ಅಂದೆ. ಯಾವ ಶಾಲೆ ಅಂತ ಗೊತ್ತಾದ ಮೇಲೆ ಒಪ್ಪಿದೆ. ಬೆಳಗ್ಗಿನಿಂದ ಬಂದ ಎಲ್ಲ ತಂಡದವರ ಹತ್ತಿರವೂ ವಾಸು ಮೇಷ್ಟ್ರು ಬಂದಿದ್ದಾರಾ ಅಂತ ಕೇಳಿದೆ. ಬಂದಿದ್ದಾರೆ, ಎಲ್ಲೋ ಬಾವಿ ಇಣುಕುತ್ತಿದ್ದಾರೆ ಅಂದರು. ನನಗೆ ಹೆದರಿಕೆಯಾಯಿತು ಮಾರಾಯ."

ಅತ್ತಿಗೆಗೆ ಕಣ್ಣಿನ ಆಪರೇಶನ್ ಆದದ್ದು, ಅವನ ಮಗಳು ನರ್ಸಿಂಗ್ ಮುಗಿಸಿದ್ದು, ಎಲ್ಲ ನನಗೆ ಆಗಲೇ ಗೊತ್ತಾದದ್ದು. ಶುಂಠಿ ಸೋಡಾ, ಜೀರಿಗೆ ಸೋಡಾ ಎಂದು ಅವನು ಒಂದೊಂದಾಗಿ ಒಡೆಯುತ್ತಲೇ ಹೋದ. ನಾಲ್ಕನೆಯ ಚೀಟಿ ಮೇಜಿನ ಮೇಲೆ ಒದ್ದೆಯಾಗಿ ಬಿದ್ದಿತ್ತು. ಅದರಲ್ಲಿ ಏನು ಬರೆದಿತ್ತೆಂದು ನನಗೆ ಇಂದಿಗೂ ಗೊತ್ತಿಲ್ಲ. ನಾವು ಕಟ್ಟಕಡೆಯವರಾಗಿ ಬಂದೆವು. ಬಹುಮಾನ ತೇಗುತ್ತಿದ್ದ ತಂಡಕ್ಕೆ ಹೋಯಿತು.

ವಾಪಸು ಬರುವಾಗ ಸಿದ್ಧಕಟ್ಟೆಯಲ್ಲಿ ಚಹಾಕ್ಕೆ ವ್ಯಾನು ನಿಂತಿತು. ನನಗೆ ಪಾಪಪ್ರಜ್ಞೆ. "ಟೀಚರ್, ನನ್ನಿಂದಾಗಿ ಸೋತೆವು. ಆ ಒಗಟು ನನಗೆ ಮೊದಲೇ ಗೊತ್ತಿತ್ತು," ಎಂದೆ.

"ನನಗೂ ಗೊತ್ತಿತ್ತು ಸರ್," ಎಂದರು ಶಾಂತಾ ಟೀಚರ್ ಚಹಾ ಊದುತ್ತ. "ನಮ್ಮ ಏಳನೇ ಕ್ಲಾಸಿನ ಮಕ್ಕಳಿಗೂ ಗೊತ್ತಾಗ್ತದೆ ಅದು."

"ಮತ್ತೆ ಹೇಳಲಿಲ್ಲ ಯಾಕೆ?"

"ಆ ಓಣಿಯ ಬಾಯಿಗೆ ಬಂದಾಗಲೆಲ್ಲ ನೀವು ಕೊಡೆ ವಾಲಿಸಿ ಮುಖ ಮುಚ್ಚಿಕೊಳ್ತಿದ್ದಿರಿ. ಆದರೆ ಬಿಟ್ಟು ದೂರವೂ ಹೋಗಲಿಲ್ಲ, ಸುತ್ತ ಸುತ್ತ ಅಲ್ಲಿಗೇ ಬರ್ತಿದ್ದಿರಿ. ಯಾರೋ ಬೇಕಾದವರು ಇರಬೇಕು ಅಂತ ಅನಿಸಿತು. ಲ್ಯಾನ್ಸಿ ಸರ್ ಹತ್ತಿರವೂ ಹೇಳಿದೆ, ನೀವೇ ಹೋಗ್ತೀರಿ ಅಂತ ಇಬ್ಬರೂ ಕಾದೆವು. ಕೊನೆಗೆ ನನ್ನ ಮಂಡಿ ಕೇಳಲಿಲ್ಲ, ಅದಕ್ಕೆ ಬಾಯಾರಿಕೆ ಅಂದೆ."

ಒಂದು ತಿಂಗಳ ಬಿಸಿಯೂಟದ ಡ್ಯೂಟಿಯನ್ನು ಇವರಿಬ್ಬರೂ ನನಗಾಗಿ ತಲೆಯ ಮೇಲೆ ಹಾಕಿಕೊಂಡಿದ್ದರು. ನಾನು ಮಾತ್ರ ರಾಟೆಯ ವ್ಯಾಖ್ಯಾನಕ್ಕೆ ಮನಸ್ಸಿನಲ್ಲೇ ಬೆನ್ನು ತಟ್ಟಿಕೊಂಡಿದ್ದೆ. ಸೋಮವಾರದಿಂದ ಇಬ್ಬರ ಸರದಿಯನ್ನೂ ನಾನೇ ಮಾಡುತ್ತೇನೆಂದೆ. ಬೇಡವೆನ್ನುತ್ತಾರೆಂಬ ನಿರೀಕ್ಷೆ ಇತ್ತು. ಇಬ್ಬರೂ ಕೂಡಲೇ ಒಪ್ಪಿದರು.

ಮೊನ್ನೆ ದೀಪಕ್ ಸ್ಟಾಫ್ ರೂಮಿಗೆ ಬಂದು, ಬರುವ ವರ್ಷದ ಆಟ ಬಂಟ್ವಾಳದಲ್ಲಿಯೇ ಎಂದು ಘೋಷಿಸಿದರು. ಲ್ಯಾನ್ಸಿ ಸರ್ ತಲೆ ಎತ್ತದೆ, ಉತ್ತರಪತ್ರಿಕೆ ತಿದ್ದುತ್ತಲೇ ಕೇಳಿದರು: "ವಾಸುದೇವ ಸರ್, ಬಂಟ್ವಾಳದಲ್ಲಿ ನಿಮಗೆ ಹೋಗ್ಲಿಕ್ಕೆ ಆಗದ ಓಣಿ ಯಾವುದಾದ್ರೂ ಉಂಟಾ? ಈಗಲೇ ಹೇಳಿ, ಬೇರೆ ತಂಡ ನೋಡ್ತೇನೆ."

"ಛೆ, ಎಂಥದ್ದೂ ಇಲ್ಲ," ಎಂದೆ. ಆಮೇಲೆ ಕುಳಿತು ಎಣಿಸಿ ನೋಡಿದೆ. ಮೂರು ಉಂಟು.