ರಾಯಭಾರಿಯ ಮೊಮ್ಮಗನೂ ನನ್ನ ಮದುವೆ ಮಾತೂ

ನಾನು ಯಾವುದಕ್ಕೆ ಹೆದರ್ತೀನೋ ಅದೇ ಬಂದು ನನ್ನ ಕೊರಳಿಗೆ ಬೀಳೋದು, ಹಣೆಬರಹವೇ ಹಾಗೆ. ಇಂಗ್ಲಿಷ್ ಅಂದರೆ ಎದೆ ಡವಡವ ಅಂತಲೇ ನಾನು ಕನ್ನಡ ಮೇಷ್ಟ್ರಾಗಿದ್ದು. ಅರವತ್ತರ ದಶಕದಲ್ಲಿ ಶ್ರೀರಂಗಪಟ್ಟಣದ ನಮ್ಮ ಹೈಸ್ಕೂಲಿಗೆ ಬಿಳೀ ದೊರೆಯೊಬ್ಬರು ಬಂದಿಳಿದಾಗ ಹೆಡ್‌ಮಾಸ್ಟರು ದುಭಾಷಿ ಕೆಲಸಕ್ಕೆ ಎಲ್ಲರನ್ನೂ ಬಿಟ್ಟು ನನ್ನ ಕಡೆಗೇ ಬೆರಳು ತೋರಿಸಿದರು.

ಆ ವಾರ ನನಗೆ ಬೇರೆ ಚಿಂತೆಯೇ ಬೆಟ್ಟದಷ್ಟಿತ್ತು. ನಾಗಮಂಗಲದಲ್ಲಿ ಒಂದು ಹುಡುಗಿಯನ್ನು ನೋಡಿ ಬಂದಿದ್ದೆ. ನೋಡಿದ ಗಳಿಗೆಯಲ್ಲೇ ಒಪ್ಪಿಬಿಟ್ಟಿದ್ದೆ. ಅವರಪ್ಪ ಮಾತ್ರ, "ನಿಮ್ದು ಟೆಂಪರ್ವರಿ ಕೆಲ್ಸ. ಕಾಯಂ ಆಗ್ಲಿ, ನೋಡಾಣ" ಅಂದಿದ್ದರು. ನಮ್ಮ ಸೀಮೆಯಲ್ಲಿ 'ನೋಡಾಣ' ಅಂದರೆ 'ಇಲ್ಲ' ಅಂತಲೇ ಅರ್ಥ. ಮುಖಕ್ಕೆ ಹೊಡೆದ ಹಾಗೆ ಆಗಬಾರದು ಅಂತ ಹಾಗನ್ನೋದು. ಸಾಲದ್ದಕ್ಕೆ ಶುಕ್ರವಾರ ಪಾಂಡವಪುರದಿಂದ ಟ್ರಾಕ್ಟರು ಇರೋ ಗಂಡು ಆ ಹುಡುಗಿಯನ್ನು ನೋಡೋಕೆ ಬರ್ತಾನೆ ಅಂತ ಸುದ್ದಿ ಬೇರೆ ಬಂದಿತ್ತು. ಊಟ ಸೇರ್ತಿರಲಿಲ್ಲ.

೧. ಜೀಪು ಬಂದ ಬಗೆ

ದೊರೆಯ ತಾತ ವಿಕ್ಟೋರಿಯಾ ರಾಣಿ ಕಾಲದ ರಾಯಭಾರಿ. ಎಳೇ ವಯಸ್ಸಲ್ಲಿ ನಮ್ಮ ಕಡೆ ಸಣ್ಣ ಅಧಿಕಾರಿಯಾಗಿದ್ದು, ಆಮೇಲೆ ಇರಾನು, ಟರ್ಕಿ, ಚೀನಾ ಅಂತ ರಾಜರಾಜರ ಮುಂದೆ ರಾಣಿಯ ಮಾತು ಒಯ್ದವರು. ಅವರ ಜೀವನಚರಿತ್ರೆ ಬರೆಯೋಕೆ, ಅವರು ಓಡಾಡಿದ ಜಾಗ ನೋಡೋಕೆ ಮೊಮ್ಮಗ ಬಂದಿದ್ದರು.

ಓಡಾಡೋಕೆ ಜೀಪು ಸಿಗುತ್ತಾ ಅಂತ ದೊರೆ ಕೇಳಿದರು. ಹೆಡ್‌ಮಾಸ್ಟರು ತಲೆ ಕೆರೆದುಕೊಂಡು, "ನೋಡೋಣ ಅಂತ ಹೇಳಯ್ಯ" ಅಂದರು.

ನಾನು ಪದಕ್ಕೆ ಪದ ಜೋಡಿಸಿ, "ಲೆಟ್ ಅಸ್ ಸೀ" ಅಂದೆ.

ದೊರೆ ಟೋಪಿ ಹಾಕಿಕೊಂಡು ಬಾಗಿಲಲ್ಲಿ ಹೋಗಿ ನಿಂತುಬಿಟ್ಟರು.

"ಯಾಕಯ್ಯ ಎದ್ದುಬಿಟ್ರು? ಕೋಪ ಬಂತಾ?"

"ಇಲ್ಲ ಸಾರ್. ಜೀಪು ನೋಡೋಕೆ ಎದ್ರು."

ಹೆಡ್‌ಮಾಸ್ಟರಿಗೆ ಮರ್ಯಾದೆ ಪ್ರಶ್ನೆಯಾಯಿತು. ಗೆಳೆಯರೊಬ್ಬರ ಕೈಕಾಲು ಹಿಡಿದು ಅವರ ಜೀಪು, ಡ್ರೈವರು ಎರಡನ್ನೂ ತರಿಸಿದರು. ಆಮೇಲೆ ನನ್ನನ್ನು ಪಕ್ಕಕ್ಕೆ ಕರೆದು, "ಇವ್ರು ಸಂತೋಷವಾಗಿ ವಾಪಸ್ ಹೋದ್ರೆ ನಿನ್ನ ಕೆಲಸ ಕಾಯಂ ಮಾಡಿ ಅಂತ ಮೇಲಿನವ್ರಿಗೆ ಬರೀತೀನಿ" ಅಂದರು.

ನನಗೆ ಕಣ್ಣಲ್ಲಿ ನೀರೇ ಬಂತು. "ಖಂಡಿತ ಆಗುತ್ತಾ ಸಾರ್?" ಅಂದೆ.

"ನೋಡೋಣ" ಅಂದರು.

೨. ಕಿರಂಗೂರಿನ ಕೈಕುಲುಕು

ತಾತನ ಬಿಡಾರ ಕಿರಂಗೂರಿನ ಹತ್ತಿರ ಇತ್ತಂತೆ. ಗದ್ದೆ ಬದುವಿನ ಮೇಲೆ ಕೂತಿದ್ದ ಯಜಮಾನರೊಬ್ಬರ ಹತ್ತಿರ ಹೋಗಿ, "ಯಜಮಾನ್ರೇ, ಇವರು ರಾಯಭಾರಿ ಕಡೆಯೋರು..." ಅಂತ ಶುರು ಮಾಡಿದೆ. ತಪ್ಪು ಅಲ್ಲೇ ಆಯಿತು. ಎರಡು ಮನೆ ಮಧ್ಯೆ ಓಡಾಡಿ ಮದುವೆ ಕುದುರಿಸೋರಿಗೂ ನಮ್ಮ ಕಡೆ ರಾಯಬಾರಿ ಅಂತಲೇ ಅನ್ನೋದು.

"ಓಹೋ, ಎಣ್ಣು ಕೇಳಕ್ ಬಂದಿರಾ! ಗಂಡು ಇವ್ರೇಯಾ?" ಯಜಮಾನರು ದೊರೆಯನ್ನು ಮೇಲಿಂದ ಕೆಳಗೆ ಅಳೆದರು. "ಬಣ್ಣ ಏನೋ ಸರಿ ಕಣ್ ಮೇಷ್ಟ್ರೇ. ವಯಸ್ಸೇ ವಸಿ ಜಾಸ್ತಿ ಆಯ್ತು."

"ಅಯ್ಯೋ, ಇವರಲ್ಲ! ಇವರ ತಾತ, ತಾತ!"

"ಶಿವ ಶಿವ! ಇವ್ರಿಗೇ ಎಣ್ಣು ಸಿಗದು ಕಷ್ಟ, ಇವ್ರ ತಾತಂಗೆ ಕೇಳ್ತಾವ್ರಲ್ಲಪ್ಪ!"

ಯಜಮಾನರ ಉದ್ಗಾರ ಕೇಳಿ, ಇವರಿಗೆ ತಾತ ಗೊತ್ತು ಅಂದುಕೊಂಡು ದೊರೆಗೆ ಸಂತೋಷ ತಡೆಯೋಕಾಗಲಿಲ್ಲ. ನೆಗೆದು ಹೋಗಿ ಯಜಮಾನರ ಕೈ ಹಿಡಿದು ಚೆನ್ನಾಗಿ ಕುಲುಕಿದರು. ಯಜಮಾನರು ಕೈ ಕಿತ್ತುಕೊಂಡು ಬದುವಿನುದ್ದಕ್ಕೂ ಓಡಿದರು. "ಮಾತು ಕೊಟ್ಟಿಲ್ಲ ಕಣ್ರಪ್ಪೋ! ನಮ್ಮನೇಲಿ ಎಣ್ಣೇ ಇಲ್ಲ ಕಣ್ರಪ್ಪೋ!"

೩. ಗೋವಿಂದನಹಳ್ಳಿಯ ಅರ್ಚನೆ

ಶುಕ್ರವಾರ ಬಂದೇಬಿಟ್ಟಿತು. ಅವತ್ತು ಬೆಳಿಗ್ಗೆ ನಾವು ಕೆ.ಆರ್. ಪೇಟೆ ಕಡೆ ಗೋವಿಂದನಹಳ್ಳಿಯಲ್ಲಿದ್ದೆವು. ಪಂಚಲಿಂಗೇಶ್ವರನ ಗುಡಿ ಅಂದರೆ ತಾತನಿಗೆ ಪ್ರಾಣವಂತೆ. ನಾನು ಐದು ಲಿಂಗದ ಮುಂದೆಯೂ ಕೈಮುಗಿದು ಒಂದೇ ಬೇಡಿಕೆ ಇಟ್ಟೆ: ಸ್ವಾಮೀ, ಪಾಂಡವಪುರದ ಟ್ರಾಕ್ಟರು ಕೆಟ್ಟು ನಿಲ್ಲಲಿ.

ದೊರೆ ತಾತನ ಹೆಸರಲ್ಲಿ ಅರ್ಚನೆ ಮಾಡಿಸಬೇಕು ಅಂದರು. ಅರ್ಚಕರು, "ಗೋತ್ರ?" ಅಂದರು.

ಗೋತ್ರಕ್ಕೆ ಇಂಗ್ಲಿಷಲ್ಲಿ ಏನನ್ನಬೇಕು? ಬೆವರು ಕಿತ್ತುಕೊಂಡು ಬಂತು. ನಿಮ್ಮ ತಾತ ಯಾರ ಕಡೆಯವರು ಅಂತ ಕೇಳ್ತಾರೆ ಅಂತ ಹೇಗೋ ತಿಳಿಸಿದೆ. ದೊರೆ ಎದೆಯುಬ್ಬಿಸಿ, "ವಿಕ್ಟೋರಿಯಾ!" ಅಂದರು.

ಅರ್ಚಕರು ಎಳ್ಳಷ್ಟೂ ತಡವರಿಸಲಿಲ್ಲ. "ವಿಕ್ಟೋರಿಯಾ ಗೋತ್ರೋದ್ಭವಸ್ಯ..." ಅಂತ ಗಟ್ಟಿಯಾಗಿ ಹೇಳಿ ಅರ್ಚನೆ ಮುಗಿಸಿದರು. ಹೊರಡುವಾಗ ನನ್ನ ಕಿವಿಯಲ್ಲಿ, "ನಮ್ಮ ಕಡೆ ಆ ಗೋತ್ರದೋರು ಒಬ್ಬರೂ ಇಲ್ಲ ಮೇಷ್ಟ್ರೇ. ಧೈರ್ಯವಾಗಿ ಎಲ್ಲಿ ಬೇಕಾದರೂ ಹೆಣ್ಣು ತರಬಹುದು ಅಂತ ಹೇಳಿ" ಅಂದರು.

೪. ನಾಗಮಂಗಲದ ನಡುಕ

ತಾತ ಓಡಾಡಿದ ಮುಂದಿನ ಊರಿಗೆ ಅಂತ ಜೀಪು ನಾಗಮಂಗಲದ ದಾರಿ ಹಿಡಿದ ಹಾಗೆ ನನ್ನ ನಿಟ್ಟುಸಿರು ಜಾಸ್ತಿಯಾಯಿತು. ಏನು ವಿಷಯ ಅಂತ ದೊರೆ ಕೇಳಿದರು. ಹರುಕುಮುರುಕು ಇಂಗ್ಲಿಷಲ್ಲಿ ಹುಡುಗಿ, ಅವಳಪ್ಪ, ಟ್ರಾಕ್ಟರು, ಎಲ್ಲಾ ಹೇಳಿಕೊಂಡೆ. 'ನೋಡಾಣ' ಅನ್ನೋದಕ್ಕೆ ಮತ್ತೆ 'ಲೆಟ್ ಅಸ್ ಸೀ' ಅಂತಲೇ ಅಂದೆ. ನನ್ನ ಕೈಕಾಲು ನಡುಗ್ತಿತ್ತು.

ದೊರೆ ನಕ್ಕು ತಾತನ ಕತೆ ಹೇಳಿದರು. ತಾತ ಶ್ರೀರಂಗಪಟ್ಟಣದ ಚಳಿಜ್ವರ ಅಂಟಿಸಿಕೊಂಡೇ ಇರಾನಿಗೆ ಹೋಗಿದ್ದರಂತೆ. ಅಲ್ಲಿನ ರಾಜನ ಮುಂದೆ ನಿಂತಾಗಲೇ ನಡುಕ ಶುರುವಾಯಿತಂತೆ. ವಿಕ್ಟೋರಿಯಾ ರಾಣಿಯ ರಾಯಭಾರಿ ನನಗೆ ಇಷ್ಟು ಹೆದರ್ತಾನಲ್ಲ ಅಂತ ರಾಜ ಉಬ್ಬಿಹೋಗಿ ಕೇಳಿದ್ದಕ್ಕೆಲ್ಲಾ ಒಪ್ಪಿಗೆ ಹಾಕಿಬಿಟ್ಟನಂತೆ. "ಅದಕ್ಕೇ ನಡುಕ ನಿಲ್ಲಿಸಬೇಡ. ಮನೆ ಎಲ್ಲಿ, ತೋರಿಸು" ಅಂದರು. ನಾನು ಬೇಡ ಬೇಡ ಅಂತಿದ್ದರೂ ಡ್ರೈವರು ದಾರಿಯಲ್ಲಿ ಕೇಳಿಕೊಂಡು ಜೀಪನ್ನು ಹುಡುಗಿ ಮನೆ ಮುಂದೆ ನಿಲ್ಲಿಸಿಯೇಬಿಟ್ಟ.

ಬಾಗಿಲಲ್ಲಿ ಹುಡುಗಿಯ ಅಜ್ಜಿ ಕೂತಿದ್ದರು. ನಾನು ಗಡಗಡ ನಡುಗ್ತಾ, "ಇವರು... ರಾಯಭಾರಿ..." ಅಂದೆ. ಮುಂದಕ್ಕೆ ಬಾಯಿ ಏಳಲಿಲ್ಲ.

ಅಜ್ಜಿ ಧಡಕ್ಕನೆ ಎದ್ದರು. "ಲೇ ಮಗಾ, ಬಾರ್ಲಾ ಈಚೆಗೆ! ಮೇಷ್ಟ್ರು ಬಿಳೀ ದೊರೇನೇ ರಾಯಬಾರಿ ಮಾಡ್ಕಂಡ್ ಬಂದವ್ರೆ!"

ಹುಡುಗಿಯ ಅಪ್ಪ ಬಂದು ಚಾಪೆ ಹಾಸಿದರು. ನನ್ನ ನಡುಕ ನೋಡಿ ಅವರಿಗೂ ಪಾಪ ಅನ್ನಿಸಿರಬೇಕು. ಆದರೂ, "ಕೆಲ್ಸ ಇನ್ನೂ ಕಾಯಂ ಆಗಿಲ್ಲ. ಸಂಜಿಗೆ ಪಾಂಡವಪುರದೋರು ಬೇರೆ ಬತ್ತಾವ್ರೆ..." ಅಂತ ರಾಗ ಎಳೆದು ಕೊನೆಗೆ, "ನೋಡಾಣ ಬುಡಿ" ಅಂದರು.

ಅಲ್ಲಿಗೆ ನನ್ನ ಕತೆ ಮುಗಿಯಿತು ಅಂದುಕೊಂಡೆ. ಆದರೆ ಒಂದು ವಾರದಲ್ಲಿ ದೊರೆ ಕಲಿತಿದ್ದ ಕನ್ನಡ ಪದ ಅದೊಂದೇ. "ನೋಡಾಣ! ನೋಡಾಣ!" ಅಂತ ಖುಷಿಯಾಗಿ ಎದ್ದು, ಟೋಪಿ ಹಾಕಿಕೊಂಡು ಸೀದಾ ಒಳಗೆ ನಡೆದರು. ಹಜಾರ ದಾಟಿದರು. ಅಡುಗೆಮನೆ ಬಾಗಿಲಿಗೇ ಹೋಗಿ ನಿಂತರು. ಒಳಗೆ ಹುಡುಗಿ ಮುದ್ದೆ ತೊಳಸ್ತಾ ಕೋಲು ಕೈಲಿ ಹಿಡಿದಿದ್ದಳು. ದೊರೆ ಟೋಪಿ ತೆಗೆದು, ಇರಾನಿನ ರಾಜನಿಗೆ ಬಗ್ಗಿದ ಹಾಗೆ ಬಗ್ಗಿ ನಮಸ್ಕಾರ ಮಾಡಿದರು.

ಆ ಮುದ್ದೆಕೋಲು ದೊರೆ ತಲೆ ಮೇಲೆ ಬಿದ್ದರೆ ಕೆಲಸವೂ ಹೋಯಿತು, ಹೆಣ್ಣೂ ಹೋಯಿತು ಅಂತ ನಾನು ಕಣ್ಣು ಮುಚ್ಚಿಕೊಂಡೆ. ಆಗ ಹುಡುಗಿ ಕಿಸಕ್ಕನೆ ನಕ್ಕಿದ್ದು ಕೇಳಿಸಿತು.

"ಅಪ್ಪಯ್ಯ, ಇವ್ರು ನೋಡಾಯ್ತು! ಇನ್ನೇನ್ ನೋಡದು? ಒಪ್ಕಂಬುಡು!"

ಅಜ್ಜಿ ನಕ್ಕರು, ಡ್ರೈವರು ನಕ್ಕ, ಕೊನೆಗೆ ಅವರಪ್ಪನೂ ನಕ್ಕುಬಿಟ್ಟರು. ಅಲ್ಲೇ ಎಲೆಅಡಿಕೆ ಬದಲಾಯಿಸಿದೆವು.

ಸಂಜೆ ಪಾಂಡವಪುರದವರು ಟ್ರಾಕ್ಟರಿನಲ್ಲೇ ಬಂದರಂತೆ. ನಮ್ಮ ಮಾವ ಅವರಿಗೆ ಉಪ್ಪಿಟ್ಟು ಕಾಫಿ ಕೊಟ್ಟು, ಬಹಳ ಮರ್ಯಾದೆಯಾಗಿ, "ನೋಡಾಣ" ಅಂದು ಕಳಿಸಿದರಂತೆ.