ಜವಾದಿ ಅಂದರೇನು?

ಹಟ ಎನ್ನುವುದು ಕೆಲವರಿಗೆ ಬೇಕೆಂದಾಗ ಬಂದು ಹೋಗುತ್ತದೆ, ನನ್ನಲ್ಲಿ ಮಾತ್ರ ಅದು ಹುಟ್ಟಿದಾಗಿನಿಂದ ಬೀಡುಬಿಟ್ಟಿದೆ. ಓದಿದ್ದು ನಾಲ್ಕನೇ ಕ್ಲಾಸು, ಅದೂ ಮಗ್ಗಿ ಬಾರದೆ ಬಿಟ್ಟದ್ದು. ಆದರೆ ಒಂದು ಮಾತು ತಲೆಗೆ ಹೊಕ್ಕರೆ ಅದರ ಬುಡ ಕಾಣುವ ತನಕ ನನಗೆ ಉಂಡದ್ದು ಅರಗುವುದಿಲ್ಲ. ಹೆಸರಿನ ವಿಷಯದಲ್ಲಂತೂ ಈ ಕಾಯಿಲೆ ಇನ್ನೂ ಜಾಸ್ತಿ. ಕಾರಣ ನನ್ನ ಹೆಸರೇ. ಮೂರು ಹೆಣ್ಣಾದ ಮೇಲೆ ನಾಲ್ಕನೆಯದೂ ಹೆಣ್ಣಾದಾಗ ನಮ್ಮಜ್ಜಿ ದೇವರಮನೆ ಕಡೆ ತಿರುಗಿ "ಇನ್ನು ಸಾಕಪ್ಪ" ಅಂದಳಂತೆ. ಅದನ್ನೇ ನನಗಿಟ್ಟು ಸಾಕಮ್ಮ ಅಂತ ಕರೆದರು. ದೇವರಿಗೆ ಕೊಡಬೇಕಾದ ನೋಟೀಸನ್ನು ನನ್ನ ಹಣೆಗೆ ಅಂಟಿಸಿದ ಹಾಗಾಯಿತು. ದೇವರು ಅದನ್ನು ಓದಿದಂತಿಲ್ಲ, ನನ್ನ ಹಿಂದೆ ಇನ್ನೂ ಇಬ್ಬರು ತಂಗಿಯರು ಬಂದರು. ಇಲ್ಲಿ ಸಿಡ್ನಿಯಲ್ಲಿ ಡಾಕ್ಟರ ಕೌಂಟರಿನ ಹುಡುಗಿ ಒಮ್ಮೆ ನನ್ನ ಹೆಸರಿನ ಅರ್ಥ ಕೇಳಿದಾಗ ಮಗಳು ಸುಧಾ ಕಣ್ಣು ಮಿಟುಕಿಸದೆ ಇಂಗ್ಲಿಷಿನಲ್ಲಿ "ಸಂತೃಪ್ತಿ" ಅಂದುಬಿಟ್ಟಳು. ಆ ಹುಡುಗಿ ಎದೆ ಮೇಲೆ ಕೈಯಿಟ್ಟುಕೊಂಡು ಎಷ್ಟು ಚೆನ್ನಾಗಿದೆ ಅಂದಳು. ಹೆಸರಿನ ಅರ್ಥ ಬೇರೆ, ಅದು ಹುಟ್ಟಿದ ಕಥೆಯೇ ಬೇರೆ ಅಂತ ನನಗೆ ಆವತ್ತು ಖಾತ್ರಿಯಾಯಿತು.

ನಾನಿರುವುದು ಟೂಂಗಾಬಿಯಲ್ಲಿ, ಸುಧಾಳ ಮನೆಯಲ್ಲಿ. ಮಗ ಮಂಜು ಅಡುಗೆ ಕೋರ್ಸು ಓದಲು ಮೆಲ್ಬರ್ನಿಗೆ ಬಂದವನು, ಓದು ಮುಗಿಸಿ, ಇಲ್ಲೇ ನೆಲೆಸಲು ಪಿಆರ್ ಮಾಡಿಸಿಕೊಂಡು, ಡಾಕ್‌ಲ್ಯಾಂಡ್ಸಿನ ಹೋಟೆಲೊಂದರಲ್ಲಿ ಸೌಟು ಹಿಡಿದಿದ್ದಾನೆ. ಅವನ ಹೆಂಡತಿ ರೆಹೆಮಾ ನರ್ಸು, ತಾಂಜಾನಿಯಾ ದೇಶದ ಸಮುದ್ರದ ದಂಡೆಯ ಊರಿನವಳು. ಮದುವೆಯ ಹೊತ್ತಿಗೆ ನಾನು ಮಾಡಿದ ರಂಪ ಈಗ ಬೇಡ. ನನ್ನ ಮಂಡಿಗೆ ಅವಳು ಎಣ್ಣೆ ತಿಕ್ಕಿದ ಸಂಜೆಯೇ ಅದು ಮುಗಿದುಹೋಯಿತು. ಅವರಿಗೆ ಹೆಣ್ಣು ಮಗು ಅಂತ ಫೋನು ಬಂದ ದಿನ ನನ್ನ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಬೀದಿಯ ಎಲ್ಲರಿಗೂ ಮೈಸೂರುಪಾಕು ಹಂಚಿದೆ. ಟಪಾಲಿನವನು ಅದನ್ನು ಸೋಪು ಅಂದುಕೊಂಡನೋ ಏನೋ, ಮೂಸಿ ನೋಡಿ ಜೇಬಿಗೆ ಹಾಕಿಕೊಂಡ. ನನ್ನ ಸಂತೋಷ ಅಷ್ಟಕ್ಕೆಲ್ಲ ಕಡಿಮೆಯಾಗುವಂಥದಾಗಿರಲಿಲ್ಲ. ಮಾರನೆಯ ದಿನ ಮಂಜು ಮತ್ತೆ ಫೋನು ಮಾಡಿದ.

"ಅಮ್ಮಾ, ಜವಾದಿ ಅಂತ ಇಡ್ತಾ ಇದೀವಿ."

"ಹಂಗಂದ್ರೇನೋ?"

"ಸ್ವಾಹಿಲಿ ಹೆಸರು. ಗಿಫ್ಟ್ ಅಂತ ಅರ್ಥ. ಈಗ ಅಲ್ಲಿ ಹೆಣ್ಮಕ್ಳಿಗೆ ಎಲ್ಲಾ ಇಡ್ತಾರಂತೆ, ಮಾಡ್ರನ್ ಹೆಸರು."

ಉಡುಗೊರೆ ಅಂದರೆ ಏನು, ಬಣ್ಣದ ಕಾಗದ ಸುತ್ತಿ ಇನ್ನೊಬ್ಬರಿಗೆ ದಾಟಿಸುವ ಸಾಮಾನು ತಾನೇ? ನಮ್ಮ ಮನೆಗೆ ಬಂದ ಸ್ಟೀಲು ಡಬ್ಬಿಗಳು ಎಷ್ಟು ಮದುವೆ ನೋಡಿವೆಯೋ ಲೆಕ್ಕವಿಲ್ಲ. ಒಂದಂತೂ ಊರೆಲ್ಲ ಸುತ್ತಿ ನಮ್ಮ ಮನೆಗೇ ವಾಪಸು ಬಂದಿತ್ತು. ನಮ್ಮೂರು ಗುಬ್ಬಿ ಕಡೆ ಹೆಣ್ಣು ಕೂಸು ತೊಟ್ಟಿಲಲ್ಲಿರುವಾಗಲೇ "ಇದು ಕೊಡೋ ಹೆಣ್ಣು, ಇನ್ನೊಬ್ಬರ ಮನೆ ಸೊತ್ತು" ಅನ್ನುತ್ತಿದ್ದರು. "ಸಾಕು" ಎಂಬ ಹೆಸರು ಹೊತ್ತವಳ ಮೊಮ್ಮಗಳು "ತಗೊಳ್ಳಿ" ಎಂಬ ಹೆಸರು ಹೊರಬೇಕೇ?

"ಅದರ ಬುಡ ಏನು ಅಂತ ತಿಳಿಯೋ ತನಕ ನಾನು ಮಗೂ ಕಿವೀಲಿ ಆ ಹೆಸರು ಹೇಳಲ್ಲ," ಅಂದೆ.

ಈ ಮಾತಿಗೆ ತೂಕವಿತ್ತು. ಮಗುವಿಗೆ ಮೂರು ತಿಂಗಳು ತುಂಬಿದ ಮೇಲೆ ಸುಧಾಳ ಮನೆಯಲ್ಲೇ ನಾಮಕರಣ ಎಂದು ಗೊತ್ತಾಗಿತ್ತು. ಕಿವಿಯಲ್ಲಿ ಮೂರು ಸಲ ಹೆಸರು ಹೇಳುವುದು ಸೋದರತ್ತೆಯ ಹಕ್ಕು, ಆದರೆ ಸುಧಾ ಅದನ್ನು ನನಗೆ ಬಿಟ್ಟುಕೊಟ್ಟಿದ್ದಳು. ಈಗ ಅವಳು ತಲೆ ಚಚ್ಚಿಕೊಂಡಳು. "ಅಮ್ಮಾ, ರೆಹೆಮಾ ಬೇಜಾರು ಮಾಡ್ಕೋತಾಳೆ. ಅವಳ ಮಗು ಅದು." ನನಗೂ ಅದೇ ಭಯ. ಆದರೆ ಮನಸ್ಸಿಲ್ಲದ ಹೆಸರನ್ನು ಕೂಸಿನ ಕಿವಿಗೆ ಹಾಕುವುದು ಹೇಗೆ? ನನಗೆ ಹಾಕಿದ್ದರಲ್ಲ, ಸಾಲದೇ?

ಹುಡುಕಾಟ ಶುರುವಾಯಿತು. ಊರಿಗೆ ಫೋನು ಮಾಡಿದರೆ ನಾದಿನಿ, "ಜವಾದಿನಾ? ಪುನುಗಿನ ಬೆಕ್ಕಿಂದ ತೆಗೀತಾರಲ್ಲ ಅತ್ತಿಗೆ, ಘಮಘಮ ಅನ್ನೋದು, ಅದಾ?" ಅಂದಳು. ಬೆಕ್ಕಿನವರೆಗೆ ಹೋದ ಮೇಲೆ ನಾನು ಫೋನು ಇಟ್ಟೆ. ಪಕ್ಕದ ಗಿರಾವೀನಿನಲ್ಲಿ ಮೈಸೂರಿನ ರಿಟೈರ್ಡ್ ಪ್ರೊಫೆಸರೊಬ್ಬರಿದ್ದಾರೆ, ಪ್ರಪಂಚದ ಯಾವ ಮಾತನ್ನು ಕೊಟ್ಟರೂ ಸಂಸ್ಕೃತದಿಂದ ಎಳೆದು ತೋರಿಸುತ್ತಾರೆ. ಅವರು ಕಾಫಿ ಕುಡಿದು ಕಣ್ಣು ಮುಚ್ಚಿ, "ಜವ ಅಂದ್ರೆ ವೇಗ, ವಾದಿ ಅಂದ್ರೆ ಮಾತಾಡುವವಳು. ಜವವಾದಿ. ವೇಗವಾಗಿ ಮಾತಾಡುವವಳು," ಅಂದರು. "ಅದು ನಮ್ಮಮ್ಮ, ಅಂಕಲ್," ಅಂದಳು ಸುಧಾ. ರೆಹೆಮಾಳನ್ನೇ ನೇರವಾಗಿ ಕೇಳಬಹುದಿತ್ತು. ಕೇಳಿದರೆ ನನ್ನ ಅಸಮಾಧಾನ ಗೊತ್ತಾಗುತ್ತದಲ್ಲ, ಬಾಣಂತಿ ಬೇರೆ.

ನಾಮಕರಣಕ್ಕೆ ಮೊದಲು ಸ್ವಲ್ಪ ದಿನ ಬಾಣಂತನಕ್ಕೆ ಕೈ ಹಾಕೋಣವೆಂದು ಮೆಲ್ಬರ್ನಿಗೆ ಹೋದೆ. ಅಲ್ಲಿ ನನಗಿಂತ ಮೊದಲೇ ಬೀಗಿತ್ತಿ ಬಂದು ಅಡುಗೆಮನೆ ಹಿಡಿದಿದ್ದರು. ದೊಡ್ಡ ಮೈ, ಹೂವಿನ ಬಟ್ಟೆ, ನನ್ನಷ್ಟೇ ದೊಡ್ಡ ಗಂಟಲು. ಅವರಿಗೆ ಕನ್ನಡ ಬಾರದು, ನನಗೆ ಸ್ವಾಹಿಲಿ ಬಾರದು, ಇಬ್ಬರಿಗೂ ಇಂಗ್ಲಿಷು ಅಷ್ಟಕ್ಕಷ್ಟೇ. ಆದರೂ ಮಗುವಿನ ತಲೆಗೆ ಎಷ್ಟು ಎಣ್ಣೆ ಎಂಬ ವಿಷಯದಲ್ಲಿ ನಾವು ದಿನಾ ಜಗಳವಾಡುತ್ತಿದ್ದೆವು, ಒಂದು ಮಾತೂ ವ್ಯರ್ಥವಾಗುತ್ತಿರಲಿಲ್ಲ. ಮಗುವೋ, ನನ್ನ ಬೆರಳು ಹಿಡಿದರೆ ಬಿಡದು. ಹಟ ಯಾರದೆಂದು ಬೇರೆ ಹೇಳಬೇಕಿಲ್ಲ. ಅದನ್ನು ಎದೆಗೆ ಒತ್ತಿಕೊಂಡಾಗೆಲ್ಲ "ಬಂಗಾರಿ, ಪುಟ್ಟಿ, ನಮ್ಮಮ್ಮ" ಎಂದೆಲ್ಲ ಕರೆಯುತ್ತಿದ್ದೆ, ಆ ಒಂದು ಹೆಸರು ಬಿಟ್ಟು. ರೆಹೆಮಾ ಅದನ್ನು ಗಮನಿಸಿದ್ದಳು.

ಸಿಡ್ನಿಗೆ ಎಲ್ಲರೂ ಕಾರಿನಲ್ಲಿ ಹೊರಡುವುದೆಂದಾಯಿತು, ಇಡೀ ಹಗಲಿನ ದಾರಿ. "ಏನೂ ಮಾಡ್ಬೇಡಮ್ಮಾ, ದಾರೀಲಿ ಎಲ್ಲಾ ಸಿಗುತ್ತೆ," ಅಂದಿದ್ದ ಮಂಜು. ಎಲ್ಲಾ ಸಿಗುತ್ತದೆಂದು ನಾನು ಯಾವ ಪ್ರಯಾಣಕ್ಕೂ ಬರಿಗೈಯಲ್ಲಿ ಹೊರಟವಳಲ್ಲ. ಈ ದೇಶಕ್ಕೆ ಬಂದ ದಿನವೇ ಏರ್‌ಪೋರ್ಟಿನಲ್ಲಿ ನನ್ನ ಬುತ್ತಿಯನ್ನು ಕೈಗವಸು ತೊಟ್ಟವರು ಎತ್ತಿ ಕಸಕ್ಕೆ ಹಾಕಿದ್ದರು, ಆಗಲೂ ಬುದ್ಧಿ ಬಂದಿರಲಿಲ್ಲ. ಬೆಳಗಾಗೆದ್ದು ಪುಳಿಯೋಗರೆ ಕಲಸಿ, ರೊಟ್ಟಿಗೆ ಹುಚ್ಚೆಳ್ಳು ಪುಡಿ ಹಚ್ಚಿ ಗಂಟು ಕಟ್ಟಿ ತಿರುಗಿದರೆ, ಬೀಗಿತ್ತಿಯೂ ಮೇಜಿನ ಆ ತುದಿಯಲ್ಲಿ ಗಂಟು ಕಟ್ಟುತ್ತಿದ್ದಾರೆ. ಏಲಕ್ಕಿ ಹಾಕಿ ಕರಿದ ಮಂದಾಜಿ, ನಮ್ಮ ಮಂಗಳೂರು ಬನ್ಸಿನ ದಾಯಾದಿಯಂಥದು. ಇಬ್ಬರೂ ಒಬ್ಬರ ಗಂಟನ್ನೊಬ್ಬರು ನೋಡಿದೆವು. ಅವರು ನಕ್ಕು ತಮ್ಮ ಗಂಟನ್ನು ತಟ್ಟಿ, "ಜವಾದಿ," ಅಂದರು. ಆಮೇಲೆ ನನ್ನದನ್ನೂ ತಟ್ಟಿ, "ಜವಾದಿ," ಅಂದರು.

ನಾನು ರೆಹೆಮಾಳನ್ನು ಕೂಗಿದೆ. ಅವಳು ಮಗುವನ್ನೆತ್ತಿಕೊಂಡು ಬಂದು ತಾಯಿ ಹೇಳಿದ್ದನ್ನೆಲ್ಲ ಕೇಳಿ, ಇಂಗ್ಲಿಷಿನಲ್ಲಿ ಮಂಜುಗೆ ಹೇಳಿದಳು. ಮಂಜು ಕನ್ನಡಕ್ಕೆ ತಂದ. "ಈಗ ಗಿಫ್ಟ್ ಅಂತಾನೇ ಅರ್ಥ ಅಮ್ಮಾ. ಆದ್ರೆ ಆ ಮಾತು ಮೊದ್ಲು ಅರಬ್ಬರ ಹಡಗಿನ ಜೊತೆ ಇವರ ಊರಿಗೆ ಬಂದಿದ್ದಂತೆ. ಆಗ ಅದಕ್ಕೆ ದಾರಿಗೆ ಕಟ್ಕೊಂಡು ಹೋಗೋ ಊಟ ಅಂತ ಇತ್ತಂತೆ. ಇವರಜ್ಜಿ ಹೇಳ್ತಿದ್ರಂತೆ."

"ಬುತ್ತಿ," ಅಂದೆ ನಾನು.

"ಹೂಂ. ಬುತ್ತಿ."

ನಾನು ಅಲ್ಲೇ ಕುರ್ಚಿಯ ಮೇಲೆ ಕೂತೆ. ಬುತ್ತಿಯನ್ನು ಯಾರೂ ಇನ್ನೊಬ್ಬರ ಮನೆಗೆ ದಾಟಿಸುವುದಿಲ್ಲ. ನಮ್ಮವರಿಗೆ ಹಸಿವಾಗಬಾರದೆಂದು ನಾವೇ ಕಟ್ಟುವುದು ಅದು. ಮನೆಯವರು ನನಗೆ ಕೊಟ್ಟ ಹೆಸರು ಎಂಥದೇ ಇರಲಿ, ಗಂಡನ ಮನೆಗೆ ಹೊರಟಾಗ ನನ್ನಮ್ಮ ಸೆರಗಿನಲ್ಲಿ ಕಟ್ಟಿಕೊಟ್ಟ ಬುತ್ತಿ ಮೂರು ಜನ ಉಣ್ಣುವಷ್ಟಿತ್ತು. "ಕೊಡಮ್ಮ ಇಲ್ಲಿ," ಎಂದು ರೆಹೆಮಾಳ ಕೈಯಿಂದ ಕೂಸನ್ನು ಇಸಿದುಕೊಂಡೆ. ನನ್ನ ಮುಖ ನೋಡಿಯೇ ಅವಳಿಗೆ ಅರ್ಥವಾಯಿತು, ಅನುವಾದ ಬೇಕಾಗಲಿಲ್ಲ. ಕಾರಿನಲ್ಲಿ ನನ್ನ ಪಕ್ಕದಲ್ಲಿ ಕೂತು ದಾರಿಯುದ್ದಕ್ಕೂ ಪುಳಿಯೋಗರೆ ಖಾಲಿ ಮಾಡಿದಳು.

ನಾಮಕರಣದ ದಿನ ಸುಧಾಳ ಹಜಾರದಲ್ಲಿ ಕಾಲಿಡಲು ಜಾಗವಿರಲಿಲ್ಲ. ಪ್ರೊಫೆಸರರು ಮುಂದಿನ ಸಾಲಿನಲ್ಲೇ ಕೂತಿದ್ದರು. ಅವರಿಗೆ ಹೇಳಬೇಕೆಂದು ಹಿಂದಿನ ದಿನದಿಂದ ಅರಬ್ಬರನ್ನೂ ಹಡಗನ್ನೂ ಗಂಟನ್ನೂ ಬಾಯಿಪಾಠ ಮಾಡಿಕೊಂಡಿದ್ದೆ. ತೊಟ್ಟಿಲ ಮೇಲೆ ಬಗ್ಗಿದೆ. ಕೂಸು ಕಣ್ಣರಳಿಸಿ ನೋಡಿತು, ಬಾಯಿಪಾಠವೆಲ್ಲ ತಲೆಯಲ್ಲಿ ಕಲಸಿಹೋಯಿತು. ನನ್ನ ಪಿಸುಮಾತು ಊರಿನಲ್ಲಿ ಮೂರನೇ ಮನೆಗೆ ಕೇಳಿಸುತ್ತಿತ್ತು, ಟೂಂಗಾಬಿಯಲ್ಲೂ ಅದರ ಜೋರು ಕಡಿಮೆಯಾಗಿರಲಿಲ್ಲ.

"ಬುತ್ತಿ. ಬುತ್ತಿ. ಬುತ್ತಿ."

"ಸಾಕಮ್ಮನವರೇ, ಇದು ಯಾವ ಭಾಷೆ?" ಅಂದರು ಪ್ರೊಫೆಸರರು. ಮೊದಲು ನಕ್ಕವಳು ರೆಹೆಮಾ. ಆಮೇಲೆ ಬೀಗಿತ್ತಿ, ಆಮೇಲೆ ಎಲ್ಲರೂ. ಕಿವಿಗೆ ಹಾಕಿದ್ದನ್ನು ವಾಪಸು ತೆಗೆಯಲಾಗುತ್ತದೆಯೇ? ಸರ್ಟಿಫಿಕೇಟಿನಲ್ಲಿ ಜವಾದಿ ಅಂತಲೇ ಇದೆ, ಮನೆಯಲ್ಲಿ ಎಲ್ಲರ ಬಾಯಲ್ಲೂ ಬುತ್ತಿ.

ಮೊನ್ನೆ ಮಂಜು ಫೋನು ಮಾಡಿ ಇನ್ನೊಂದು ಸುದ್ದಿ ಹೇಳಿದ. ರೆಹೆಮಾಳ ಊರಿನಲ್ಲಿ ಅವಳ ದೊಡ್ಡಮ್ಮ ಒಬ್ಬರಿದ್ದಾರಂತೆ. ಬುತ್ತಿ ಅಂದರೇನು, ಆ ಮಾತು ಎಲ್ಲಿಂದ ಬಂತು, ಅದರ ಬುಡ ತಿಳಿಯುವ ತನಕ ತಾನು ಮಗುವನ್ನು ಆ ಹೆಸರಿನಿಂದ ಕರೆಯುವುದೇ ಇಲ್ಲ ಅಂತ ಕೂತಿದ್ದಾರಂತೆ. ನನಗೆ ಬಹಳ ಬೇಸರವಾಯಿತು. "ಅಷ್ಟು ವಯಸ್ಸಾಗಿ ಒಂದು ಹೆಸರಿಗೆ ಇಷ್ಟು ಹಟ ಮಾಡ್ತಾರಾ ಯಾರಾದ್ರೂ?" ಅಂದೆ. ಸುಧಾ ಬಾಯಿಗೆ ಕೈ ಅಡ್ಡ ಹಿಡಿದು ಎದ್ದು ಒಳಗೆ ಹೋದಳು.